ಮುಲ್ಲಾರ ಮನೆ ಎಂದು ಹೇಳಿದವನು

ರೇಷ್ಮಾ, ನಿನ್ನ ಇಂಜಿನಿಯರಿಂಗ್ ಸೀಟು ಹೋಗಿದ್ದು ನನ್ನ ಬಾಯಿಂದ. ಸದಲಗಾದ ನಿಮ್ಮ ಓಣಿಯಲ್ಲಿ, ನಿಮ್ಮದೇ ಮನೆಯ ಕಟ್ಟೆಯ ಮೇಲೆ ಕುಳಿತು ನಾನು ಸುಳ್ಳು ಹೇಳಿದೆ.

ಮೊಬೈಲಿನಲ್ಲಿ ನಿಧಾನವಾಗಿ ಟೈಪ್ ಮಾಡುತ್ತಿದ್ದೇನೆ, ಅಕ್ಷರ ಹುಡುಕಿ ಹುಡುಕಿ. ನಲವತ್ತು ದಾಟಿದ ಮೇಲೆ ಹತ್ತನೇ ತರಗತಿಯ ಪರೀಕ್ಷೆಗೆ ಕಟ್ಟಿ ಪಾಸಾದವನು ನಾನು. ಆಗ ನನಗೆ ಬೀಜಗಣಿತ ಹೇಳಿಕೊಟ್ಟವಳು ನೀನೇ.

ನೀವು ನದಾಫರು, ಹಾಸಿಗೆಯ ಅರಳೆ ಹಿಂಜುವ ಮನೆತನ. ಆ ಮೀಸಲಾತಿ ಪ್ರವರ್ಗದಲ್ಲೇ ನಿನಗೆ ಸೀಟು ಸಿಕ್ಕಿತ್ತು. ಆದರೆ ಊರಲ್ಲಿ ಯಾರೂ ನಿಮ್ಮನ್ನು ಹಾಗೆ ಕರೆಯುತ್ತಿರಲಿಲ್ಲ. ಊರಲ್ಲಿ ದೇವರಿಗೆ ಬಿಟ್ಟ ಕುರಿ ಕೊಯ್ಯುತ್ತಿದ್ದ ಹಳೆಯ ಮುಲ್ಲಾನ ಕುಟುಂಬ ಊರು ಬಿಟ್ಟಾಗ, ಆ ಕೆಲಸಕ್ಕೆ ಜನ ನಿನ್ನ ಅಜ್ಜನನ್ನು ಕರೆದರು. ಅಂದಿನಿಂದ ನಿಮ್ಮದು ಮುಲ್ಲಾರ ಮನೆ. ನಮ್ಮ ಕಡೆ ಹಾಗೇ ಅಲ್ಲವೇ, ಹಿಡಿದ ಕೆಲಸವೇ ಮನೆತನದ ಹೆಸರಾಗಿಬಿಡುತ್ತದೆ.

ರಾಯಬಾಗದ ಹುಡುಗನೊಬ್ಬ ಕೋರ್ಟಿಗೆ ಹೋದ. ರ‍್ಯಾಂಕಿನಲ್ಲಿ ನಿನ್ನ ಕೆಳಗಿದ್ದವನು. ನೀವು ನದಾಫರೇ ಅಲ್ಲ, ಮುಲ್ಲಾರು, ಆ ಪ್ರವರ್ಗ ನಿಮಗೆ ಸಲ್ಲದು ಎಂಬುದು ಅವನ ವಾದ. ವಿಚಾರಣೆಗೆ ಜಾತಿ ಪರಿಶೀಲಿಸುವ ಸಾಹೇಬರು ಊರಿಗೇ ಬಂದರು. ನೀನು ಹಾಸ್ಟೆಲಿನಲ್ಲಿದ್ದೆ. ಸಾಕ್ಷಿಗೆ ಕರೆದ ಪಂಚರಲ್ಲಿ ನಾನೊಬ್ಬ. ನಿನ್ನ ಅಪ್ಪ ದಸ್ತಗೀರ ನನ್ನ ಕಡೆ ಕೈ ಮಾಡಿದ:

"ಇವನ್ನ ಕೇಳ್ರಿ ಸಾಹೇಬ್ರ. ಇವನ ಲಗ್ನದ ಗಾದಿ ನಮ್ಮಪ್ಪನ ಹಿಂಜ್ಯಾನ. ಇನ್ನೂ ಅದರ ಮ್ಯಾಲ ಗೊರಕಿ ಹೊಡಿತಾನ!"

ಎಲ್ಲರೂ ನಕ್ಕರು. ನಾನೂ ನಕ್ಕೆ.

"ಊರಾಗ ಇವರಿಗೆ ಏನಂತ ಕರೀತೀರಿ?" ಸಾಹೇಬರು ನನ್ನನ್ನು ಕೇಳಿದರು.

"ಮುಲ್ಲಾರ ಅಂತೀವ್ರಿ. ಮೊದಲಿಂದ್ಲೂ ಮುಲ್ಲಾರ."

"ಅರಳಿ ಹಿಂಜೂದು?"

"ನಾ ನೋಡಿಲ್ರಿ."

ದಸ್ತಗೀರನ ನಗು ಮುಖದ ಮೇಲೇ ಉಳಿಯಿತು. "ಏ ಬಾಳ್ಯಾ, ಚ್ಯಾಷ್ಟಿ ಸಾಕಲೇ," ಎಂದ. ನಾನು ನೆಲ ನೋಡಿದೆ. ನನ್ನ ಹಿಂದೆ ಉಳಿದ ಪಂಚರೂ ತಲೆಯಾಡಿಸಿದರು — ಊರ ಹೆಸರು ಮುಲ್ಲಾರೆಂಬುದು ನಿಜವೇ ಇತ್ತಲ್ಲ.

ಆ ವರ್ಷ ನನ್ನ ಮಗ ಸಚಿನ್‌ಗೆ ಸೀಟು ಸಿಕ್ಕಿರಲಿಲ್ಲ. ನಿನಗೆ ಸೀಟು ಸಿಕ್ಕಿತೆಂದು ನೀವು ಕಳಿಸಿದ ಪೇಡೆ ತಿಂದೆ, ಅದು ನನಗೆ ಸಿಹಿಯಾಗಲಿಲ್ಲ. ನಿನ್ನಿಂದ ಅವನದು ತಪ್ಪಿರಲಿಲ್ಲ. ನಿನ್ನದು ಹೋದರೆ ಅವನಿಗೆ ಬರುವಂತೆಯೂ ಇರಲಿಲ್ಲ. ಗೊತ್ತಿದ್ದೇ ಹೇಳಿದೆ.

ಓದು ಅರ್ಧಕ್ಕೇ ನಿಂತು ನೀನು ಟ್ರಂಕು ಹೊತ್ತು ಮರಳಿದೆ. ಈಗ ಡೈರಿಯಲ್ಲಿ ಹಾಲಿನ ಫ್ಯಾಟ್ ನೋಡುತ್ತೀ. "ಕಾಕಾ, ಇವತ್ತ ನಿಮ್ಮ ಎಮ್ಮಿ ದೂಧಗಂಗಾ ಹೊಳ್ಯಾಗ ಈಜಿ ಬಂದೈತೇನ್ರಿ?" ಎಂದು ಚುಡಾಯಿಸುತ್ತೀ. ನಾನು ಹೇಳಿದ್ದು ನಿನಗೆ ಗೊತ್ತೋ ಇಲ್ಲವೋ — ದಿನವೂ ನಿನ್ನ ದನಿಯಲ್ಲಿ ಹುಡುಕುತ್ತೇನೆ. ನಿನ್ನ ಅಪ್ಪ ಮಾತ್ರ ನನ್ನ ಮನೆಯ ಮುಂದೆ ಹಾಯುವುದೇ ಇಲ್ಲ.

ಈಗ ನಿನ್ನ ತಂಗಿ ಶಾಹೀನಳ ಸರದಿ. ಅದೇ ಪ್ರವರ್ಗ, ಮತ್ತೆ ತಕರಾರು. ನನ್ನ ಹಳೆಯ ಮಾತನ್ನೇ ಮುಂದಿಟ್ಟಿದ್ದಾರಂತೆ. ಮೊನ್ನೆ ತಕರಾರಿನ ಕಡೆಯವನೊಬ್ಬ ಬೈಕಿನಲ್ಲಿ ಬಂದ. ಚಹಾ ಕುಡಿದ, ಎಮ್ಮೆಯನ್ನು ಹೊಗಳಿದ.

"ಕಾಕಾ, ಹಿಂದ ಹೇಳಿದ್ದ ಹೇಳ್ರಿ, ಸಾಕು. ಬದಲ ಮಾಡಿದ್ರ ಹಿಂದಿಂದು ಸುಳ್ಳ ಸಾಕ್ಷಿ ಆಗತೈತಿ. ಈ ವಯಸ್ಸಿನ್ಯಾಗ ಜೇಲು ಯಾಕ್ರಿ?"

ಚಪ್ಪಲಿ ಮೆಟ್ಟುತ್ತ ತಿರುಗಿ ನೋಡಿದ. "ಸಚಿನ್ ನಿಪ್ಪಾಣಿ ಶೋರೂಮಿನ್ಯಾಗ ಅದಾನಲ್ರಿ? ರಾತ್ರಿ ಗಾಡಿ ಮ್ಯಾಲ ಒಬ್ಬನ ಬರ್ತಾನ. ಚಲೋ ಹುಡುಗ."

ಸಚಿನ್ ಎಲ್ಲಿದ್ದಾನೆಂದು ನಾನು ಅವನಿಗೆ ಹೇಳಿರಲಿಲ್ಲ. ಆ ಬೈಕು ನಿನ್ನೆ ನಮ್ಮ ಓಣಿಯ ತಿರುವಿನಲ್ಲಿ ನಿಂತಿತ್ತು. ಇವತ್ತೂ ನಿಂತಿದೆ.

ಸೋಮವಾರ ಚಿಕ್ಕೋಡಿಯ ವಿಚಾರಣೆಯಲ್ಲಿ ನನ್ನನ್ನು ಕರೆದು ಕೇಳುತ್ತಾರೆ. ನಿನ್ನ ಅಜ್ಜ ಅರಳೆ ಹಿಂಜಿದ್ದನ್ನು ಕಣ್ಣಾರೆ ನೋಡಿದ್ದೇನೆ ಎನ್ನಬೇಕು. ಅದರಿಂದ ಶಾಹೀನಳದು ಉಳಿದೀತು, ನಿನ್ನದು ತಿರುಗಿ ಬರುವುದಿಲ್ಲ. ಕ್ಷಮಿಸು ಎಂದು ಕೇಳಲಾರೆ.

ಆದರೆ ಅಲ್ಲಿ ನಿಂತಾಗ ನನ್ನ ಬಾಯಿ ಏನು ಹೇಳುತ್ತದೋ — ಅದನ್ನು ನಾನೇ ನಂಬುವುದಿಲ್ಲ. ಅದಕ್ಕೇ ಇದನ್ನು ಇಂದೇ ನಿನಗೆ ಕಳಿಸುತ್ತಿದ್ದೇನೆ. ನಿಮ್ಮ ವಕೀಲರಿಗೆ ತೋರಿಸು. ನಾಳೆ ನಾನೇ ಬಂದು ಕೈಮುಗಿದು ಬೇಡಿಕೊಂಡರೂ ಅಳಿಸಬೇಡ.