ಎಡೆಗಿಟ್ಟ ಸೀರೆ

ಹೊಸೂರಿನ ಥಿಯೇಟರಿನಲ್ಲಿ ಆ ತಮಿಳು ಸಿನಿಮಾ ನೋಡಿ ಬಿಕ್ಕಿ ಬಿಕ್ಕಿ ಅತ್ತವಳು ನಾನೊಬ್ಬಳೇ ಇರಬೇಕು. ಹಳೇ ಸಿನಿಮಾಗಳಲ್ಲಿ ಮಲತಾಯಿ ಎಂದರೆ ಸೌಟು ಕಾಯಿಸಿ ಬರೆ ಹಾಕುವವಳು. ಈಗಿನವರು ಅವಳನ್ನು ದೇವತೆ ಮಾಡಿಟ್ಟಿದ್ದಾರೆ. ಇದರಲ್ಲಿ ಅವಳು ಸತ್ತವಳ ಒಡವೆಯನ್ನು ತಾನು ಹಾಕಿಕೊಳ್ಳದೆ, ನಿನ್ನ ಅಮ್ಮನದು ನಿನಗೇ ಸೇರಬೇಕು ಎಂದು ಮಗಳ ಕೈಗಿಡುತ್ತಾಳೆ. ಹುಡುಗಿ ಅಮ್ಮಾ ಎಂದು ಓಡಿಬಂದು ತಬ್ಬಿಕೊಳ್ಳುತ್ತಾಳೆ.

ನನ್ನ ಪಕ್ಕದಲ್ಲಿ ಕೂತಿದ್ದವಳು ಗಂಡನ ಮೊದಲ ಹೆಂಡತಿಯ ಮಗಳು, ಆಗ ಹದಿಮೂರು. ನಾನು ಬಾಗಲೂರಿನ ಆ ಮನೆಗೆ ಬಂದಾಗ ಅವಳಿಗೆ ಆರು ವರ್ಷ. ತಲೆ ಬಾಚಿದೆ, ಜ್ವರ ಬಂದಾಗ ಪಕ್ಕದಲ್ಲೇ ಕೂತೆ. ಅಮ್ಮ ಅನ್ನಲಿಲ್ಲ, ಚಿಕ್ಕಮ್ಮ ಅಂತಲೂ ಅನ್ನಲಿಲ್ಲ. ಏನಾದರೂ ಬೇಕಿದ್ದರೆ ಎದುರಿಗೆ ಬಂದು ನಿಲ್ಲುತ್ತಿದ್ದಳು. ಸುಳ್ಳೇಕೆ ಹೇಳಲಿ, ಆ ಒಂದು ಮಾತಿಗೆ ಜೀವ ಬಿಡುತ್ತಿದ್ದೆ.

ಹಿರಿಯರ ಹಬ್ಬಕ್ಕೆ ಸತ್ತವರ ಫೋಟೋ ಮುಂದೆ ಎಡೆಯ ಜೊತೆ ಹೊಸ ಬಟ್ಟೆ ಇಡುತ್ತೇವೆ. ಅವಳ ಅಮ್ಮನಿಗೆ ಸೀರೆ. ಪೂಜೆ ಮುಗಿದ ಮೇಲೆ ಮಗಳೇ ಅದನ್ನೆತ್ತಿ ನನಗೆ ಕೊಡುತ್ತಿದ್ದಳು, ನಾನು ಉಟ್ಟು ಬಂದು ಎಲ್ಲರಿಗೂ ಬಡಿಸುತ್ತಿದ್ದೆ. ಅತ್ತೆ ಹೇಳಿಕೊಟ್ಟ ಪದ್ಧತಿ ಅಂದುಕೊಂಡಿದ್ದೆ.

ಆ ವರ್ಷ ಸಿನಿಮಾ ತಲೆಗೆ ಹತ್ತಿತ್ತು. ಅವಳು ಸೀರೆ ತಂದಾಗ ನಾನು ಕೈ ಚಾಚಲಿಲ್ಲ. ನಿಮ್ಮಮ್ಮನದು, ನೀನೇ ಇಟ್ಟುಕೋ ಎಂದು ದೊಡ್ಡ ಮನಸ್ಸಿನವಳಂತೆ ಅವಳತ್ತ ತಳ್ಳಿದೆ. ಓಡಿಬರುತ್ತಾಳೆ ಎಂದು ಕಾದೆ, ಮೂರ್ಖಳು.

“ನಾನ್ ಕೊಟ್ರೆ ಉಟ್ಕೊಳಲ್ವಾ?” ಅಂದಳು.

ನಾನು ನಗುತ್ತಾ ಬೇಡವೆಂದು ತಲೆಯಾಡಿಸಿದೆ. ಅವಳು ಸೀರೆಯನ್ನು ಮತ್ತೆ ಎಡೆಯ ಮುಂದಿಟ್ಟು ಹಿತ್ತಲಿಗೆ ಹೋದಳು.

ಸಂಜೆ ಅತ್ತೆ ನನ್ನನ್ನು ಕೂರಿಸಿಕೊಂಡು ಹೇಳಿದರು. ಹಾಗೆ ಕೊಡು ಅಂತ ಯಾರೂ ಅವಳಿಗೆ ಹೇಳಿರಲಿಲ್ಲವಂತೆ. ಮೊದಲ ವರ್ಷ ಅತ್ತೆಯೇ ಸೀರೆ ಎತ್ತಲು ಹೋದಾಗ ಆರು ವರ್ಷದ ಮಗು ಅದನ್ನು ಕಿತ್ತುಕೊಂಡಿತ್ತಂತೆ.

“‘ನಾನೇ ಕೊಡ್ತೀನಿ ಕಣಜ್ಜಿ, ನಮ್ಮಮ್ಮ ಕೊಟ್ಟಂಗಾಯ್ತದೆ’ ಅಂದ್ಳಮ್ಮ,” ಎಂದರು ಅತ್ತೆ.

ಏಳು ವರ್ಷ ಅವಳು ನನ್ನನ್ನು ಕರೆಯುತ್ತಲೇ ಇದ್ದಳು. ನಾನು ಬಾಯಿಂದ ಬರುವುದನ್ನೇ ಕಾಯುತ್ತಾ ಕೂತಿದ್ದೆ. ಮರುವರ್ಷ ನಾನೇ ಕೇಳಿದೆ, ಕೊಡು ಎಂದು ಬೇಡಿಕೊಂಡೆ. ತಲೆ ಎತ್ತದೆ ಎಲೆ ಒರೆಸುತ್ತಾ, ನೀವೇ ತಗೊಳ್ಳಿ ಅಂದಳು.

ಈಗ ಸೂಳಗಿರಿಯ ಫ್ಯಾಕ್ಟರಿಯಲ್ಲಿ ಕೆಲಸಕ್ಕಿದ್ದಾಳೆ. ಹಬ್ಬಕ್ಕೆ ತಪ್ಪದೆ ರಜೆ ಹಾಕಿ ಬರುತ್ತಾಳೆ, ಅಮ್ಮನ ಫೋಟೋಗೆ ಕೈ ಮುಗಿದು ಗೋಡೆಗೊರಗಿ ನಿಲ್ಲುತ್ತಾಳೆ. ಸೀರೆಯನ್ನು ನಾನೇ ಎತ್ತಿಕೊಳ್ಳುತ್ತೇನೆ.