ಮಡುವಿನ ಬಿಳಿಮೀನು

ಆಗೆಲ್ಲ ಯುದ್ಧದ ಕಾಲ. ಬೆಳೆದ ರಾಗಿಯಲ್ಲಿ ಬಹುಪಾಲು ಸರ್ಕಾರದ ಲೆವಿಗೆ ಹೋಗುತ್ತಿತ್ತು. ಸೀಮೆಎಣ್ಣೆ ಸಿಗದೆ ದೊಡ್ಡಬೆಳವಂಗಲದ ನಮ್ಮ ಬೀದಿ ಹೊತ್ತು ಮುಳುಗುತ್ತಲೇ ಮಲಗಿಬಿಡುತ್ತಿತ್ತು. ನಮ್ಮಪ್ಪ ಬಂಡೆ ಸಿಡಿಸಿ ಬಾವಿ ತೋಡುವವನು. ಅವನ ತೋಳ ಮೇಲೆ ತಲೆಯಿಟ್ಟರೆ ಬೆವರಿನ ಜೊತೆ ಸಿಡಿಮದ್ದಿನ ಕಮಟು ವಾಸನೆ.

ಮದುವೆಗೆ ಮುಂಚೆ ಅಪ್ಪ ಕೆಲಸ ಹುಡುಕಿಕೊಂಡು ಕಾವೇರಿ ಕಡೆ ಹೋಗಿದ್ದಾಗ, ಕಾಡಿನ ನಡುವಿನ ಒಂದು ಮಡುವಿನಲ್ಲಿ ಆಳುದ್ದದ ಬಿಳಿಮೀನನ್ನು ಕಂಡಿದ್ದನಂತೆ. ಊರಲ್ಲಿ ಹೇಳಿದರೆ ಎಲ್ಲರೂ ನಗುತ್ತಿದ್ದರು. ಪ್ರತಿ ಬೇಸಿಗೆ ಗಾಳ ಹಿಡಿದು ಹೋಗಿ ಬರಿಗೈಲಿ ಬರುತ್ತಿದ್ದ. ಆ ವರ್ಷ ಅವ್ವ ಬಾಣಂತನಕ್ಕೆ ತವರಿಗೆ ಹೋಗಿದ್ದರಿಂದ ಇನ್ನೂ ಲಂಗ ತೊಡುತ್ತಿದ್ದ ನನ್ನನ್ನೂ ಗಾಡಿ ಹತ್ತಿಸಿಕೊಂಡ. ಜೊತೆಗೆ ಚಿಕ್ಕಪ್ಪ. ದಾರಿಯುದ್ದಕ್ಕೂ ರಾಗಿರೊಟ್ಟಿ, ಹುಚ್ಚೆಳ್ಳು ಚಟ್ನಿ. ಎತ್ತು ಬಿಚ್ಚಿದಲ್ಲೆಲ್ಲ ನನಗೆ ಕಲ್ಲಾಟ.

ಮಡುವಿನ ದಡದಲ್ಲಿ ದಿನಗಟ್ಟಲೆ ಕಾದೆವು. ಒಂದು ಬೆಳಗ್ಗೆ ಗಾಳವನ್ನು ಏನೋ ಕಚ್ಚಿ ಎಳೆದು, ಹೆಬ್ಬೆರಳು ದಪ್ಪದ ಹುರಿ ತುಂಡಾಗಿ ಹೋಯಿತು. ಅಪ್ಪ ಗಾಡಿಯ ಹುಲ್ಲಿನಡಿಯಿಂದ ಮದ್ದಿನ ಗಂಟು ತೆಗೆದ.

"ಬ್ಯಾಡ ಕಣಣ್ಣ," ಅಂದ ಚಿಕ್ಕಪ್ಪ. "ಬಂಡೆಗೆ ಇಡೋ ಮದ್ದು ನೀರಿಗೆ ಹಾಕ್ತಾರಾ? ಮರಿ ಮೊಟ್ಟೆ ಎಲ್ಲಾ ಸಾಯ್ತವೆ."

"ಈ ಸಲ ಬರಿಗೈಲಿ ಹೋಗಾಕಿಲ್ಲ ಕಣ್ಲಾ. ನಕ್ಕೋರ ಮುಂದೆ ತಂದು ಹಾಕ್ಬೇಕು." ನನ್ನ ಕಡೆ ತಿರುಗಿ, "ಬಂಡೆ ಹಿಂದೆ ಕುಂತ್ಕೊ ಮಗಾ, ಕಿವಿ ಮುಚ್ಕೊ," ಅಂದ.

ಮೊದಲ ಮದ್ದಿಗೆ ಬೆರಳುದ್ದದ ಮೀನುಗಳು ಎಲೆ ಉದುರಿದ ಹಾಗೆ ನೀರಿನ ತುಂಬ ತೇಲಿದವು. ಎರಡನೆಯದರ ಬತ್ತಿ ಗಿಡ್ಡವಿತ್ತು. ಅದು ಅಪ್ಪನ ಕೈ ಬಿಡುವಷ್ಟರಲ್ಲೇ ಸಿಡಿಯಿತು.

ನಾನು ಎದ್ದು ನೋಡಿದಾಗ ಚಿಕ್ಕಪ್ಪ ಅಪ್ಪನ ಮುಖಕ್ಕೆ ತನ್ನ ಪಂಚೆ ಒತ್ತಿ ಹಿಡಿದಿದ್ದ. ಅವರ ಹಿಂದೆ, ಮಡುವಿನ ನಡುವೆ, ಅದು ಮೇಲೆ ಬಂತು. ನಿಧಾನವಾಗಿ, ಹೊಟ್ಟೆ ಮೇಲಾಗಿ. ನಾವು ಅದನ್ನು ಮುಟ್ಟಲಿಲ್ಲ. ಅಪ್ಪನನ್ನು ಗಾಡಿಯಲ್ಲಿ ಮಲಗಿಸಿ ಆಸ್ಪತ್ರೆಯ ಕಡೆ ಎತ್ತು ಓಡಿಸಿದೆವು.

ಬಲಗೈ ಮಣಿಕಟ್ಟಿನವರೆಗೆ ಹೋಯಿತು. ಎರಡು ಕಣ್ಣೂ ಹೋದವು.

ಮನೆಗೆ ಬಂದ ಮೇಲೆ ಅಪ್ಪ ಜಗುಲಿಯ ಮೇಲೆ ನನ್ನನ್ನು ಪಕ್ಕಕ್ಕೆ ಕೂರಿಸಿಕೊಂಡು ಕೇಳಿದ: "ಹೆಂಗಿತ್ತು ಮಗಾ?"

"ನಿನ್ನಷ್ಟುದ್ದ ಇತ್ತಪ್ಪ. ಮೈಮೇಲಿನ ಒಂದೊಂದು ಹುರುಪೆನೂ ನನ್ನ ಅಂಗೈಯಗಲ."

"ನಾನ್ ಹೇಳಿರ್ಲಿಲ್ವಾ," ಅಂದ.

ಊರವರು ಆಮೇಲೆ ನಗಲಿಲ್ಲ. ಆ ಮೀನಿನ ಮಾತನ್ನೇ ಯಾರೂ ಎತ್ತಲಿಲ್ಲ. ಅಂಥ ಮೀನು ಈಗ ಆ ಹೊಳೆಯಲ್ಲಿ ಕಾಣುವುದೇ ಅಪರೂಪವಂತೆ. ಅವ್ವ ಕೂಲಿಗೆ ಹೋಗಿ ನಮ್ಮನ್ನು ಸಾಕಿದಳು. ತವರಿನಿಂದ ಅವಳು ತಂದ ಕೂಸನ್ನು ಅಪ್ಪ ಮೂಸಿ, ತಡವಿ ಗುರುತು ಹಿಡಿದ. ನನ್ನ ಧಾರೆಯ ದಿನ ಎಡಗೈಯಿಂದ ನನ್ನ ಕೆನ್ನೆ ಮುಟ್ಟಿ, "ನಂಗೆ ನೀನಿನ್ನೂ ಲಂಗದಾಗೇ ಇದೀಯ ಕಣವ್ವ," ಅಂದ. ನಾನು ಬೆಳೆದದ್ದನ್ನು ಅವನು ನೋಡಲೇ ಇಲ್ಲ.