ಸತ್ತವಳ ಊಟದ ಲೆಕ್ಕ

ಪ್ರಮಿಳಾ ಸಂಖ್ಯಾಶಾಸ್ತ್ರ ಓದಿದವಳು. ಬೆಳಗಾವಿಯ ಒಂದು ಸಂಶೋಧನಾ ಕೇಂದ್ರದಲ್ಲಿ ಹನ್ನೊಂದು ವರ್ಷದಿಂದ ಕೆಲಸ. ಹಳ್ಳಿಯ ಮನೆಗಳಲ್ಲಿ ವಾರಕ್ಕೆ ಏನೇನು ಉಣ್ಣುತ್ತಾರೆ ಎಂಬ ಸಮೀಕ್ಷೆಯ ಮೇಲೆ ಬಡತನದ ಅಂದಾಜು ನಿಲ್ಲುತ್ತದೆ. ಆ ಸಮೀಕ್ಷೆಯಲ್ಲಿ ತಪ್ಪು ಎಲ್ಲಿ ನುಸುಳುತ್ತದೆ ಎಂದು ಹುಡುಕುವುದೇ ಅವಳ ಸಂಶೋಧನೆ.

ಕಳೆದ ಜುಲೈಯಲ್ಲಿ ಖಾನಾಪುರ ತಾಲೂಕಿನ ಮಾಹಿತಿ ನೋಡುತ್ತಿದ್ದಳು. ಅಲ್ಲಿನ ಪಾರಿಶ್ವಾಡ ಹಳ್ಳಿಯ ನಲವತ್ತು ಮನೆಗಳ ಉತ್ತರ ಒಂದೇ ದಿನ ತುಂಬಿತ್ತು, ಮನೆಗೆ ನಾಲ್ಕೇ ನಿಮಿಷ. ಉತ್ತರ ತುಂಬುವವರ ಟ್ಯಾಬ್ ದಾಖಲಿಸಿದ್ದ ಜಾಗ ನಲವತ್ತಕ್ಕೂ ಒಂದೇ: ಖಾನಾಪುರ ಬಸ್ ಸ್ಟ್ಯಾಂಡಿನ ಬಾಜುವಿನ ಚಹಾದಂಗಡಿ.

ಮರುದಿನವೇ ಪಾರಿಶ್ವಾಡಕ್ಕೆ ಹೋದಳು. ಪಟ್ಟಿಯ ಮೊದಲ ಹೆಸರು ಬಾಳವ್ವ. ಎಪ್ಪತ್ತೊಂದು ವರ್ಷ, ವಾರದಲ್ಲಿ ಎರಡು ಸಲ ಮಟನ್ ಉಂಡಿದ್ದಾಳೆ ಎಂದಿತ್ತು. ಬಾಗಿಲು ತೆರೆದ ಸೊಸೆ ಪೂರ್ಣಿಮಾಳ ಕೊರಳಲ್ಲಿ ಲಿಂಗದ ಕರಡಿಗೆ ಇತ್ತು.

“ಬಾಳವ್ವನವರು ಅದಾರೇನ್ರಿ?”

“ನಮ್ಮತ್ತಿ ತೀರಿಕೊಂಡು ಎರಡು ವರ್ಷ ಆತ್ರಿ. ಯಾಕ?”

ಪ್ರಮಿಳಾ ತಡವರಿಸುತ್ತ ಓದಿ ಹೇಳಿದಳು. ಪೂರ್ಣಿಮಾಳ ಮುಖ ಬಿಗಿಯಿತು.

“ಆಕಿ ಹುಟ್ಟಿದಾಗಿಂದ ತತ್ತಿ ಸುದ್ದಾ ಮುಟ್ಟಿದಾಕಿ ಅಲ್ಲ. ನಮ್ಮ ಮನಿಗೆ ಯಾರೂ ಬಂದಿಲ್ರಿ. ಸತ್ತಾಕಿನ್ನರ ಬಿಡಬೇಕಿಲ್ಲೇನ್ರಿ?”

ಪ್ರಮಿಳಾ ಮುಂದಿನ ಮನೆಗೆ ನಡೆದಳು. ಉಳಿದ ಮನೆಗಳಲ್ಲೂ ಅದೇ ಮಾತು, ಯಾರೂ ಬಂದಿರಲಿಲ್ಲ.

ಬೆಳಗಾವಿಗೆ ಮರಳಿ ಕೇಂದ್ರದ ಮುಖ್ಯಸ್ಥ ಸೋಮಲಿಂಗನ ಮುಂದೆ ಪಟ್ಟಿ ಇಟ್ಟಳು. ಅವನು ಚಹಾದಲ್ಲಿ ಬಿಸ್ಕಿಟ್ ಅದ್ದುತ್ತಲೇ ಓದಿದ.

“ಸರಾಸರಿ ಹೋದ ವರ್ಷದ ಗತೆನ ಬಂದೈತಲ್ರಿ ಮೇಡಂ. ತಪ್ಪೇನೈತಿ ಇದರಾಗ?”

“ಹೋದ ವರ್ಷದ್ದು ನೋಡೇ ತುಂಬ್ಯಾರ್ರಿ ಸರ್. ಅದಕ್ಕ ಹಂಗ ಬಂದೈತಿ.”

“ಸೋಮವಾರ ವರದಿ ಹೋಗಬೇಕು. ಸಹಿ ಹಾಕ್ರಿ.”

ಹಾಕಲಿಲ್ಲ. ತನ್ನ ಕೋಣೆಗೆ ಹೋಗಿ ಹೋದ ವರ್ಷದ ಮಾಹಿತಿ ತೆಗೆದಳು. ಅದೇ ಚಹಾದಂಗಡಿ, ಅದೇ ನಾಲ್ಕು ನಿಮಿಷ. ಆ ಮಾಹಿತಿಯನ್ನು ನಂಬಲರ್ಹವೆಂದು ಹೊಗಳಿ ಲೇಖನ ಬರೆದವಳು ಅವಳೇ. ಅದಕ್ಕಾಗಿ ಸಭೆಯಲ್ಲಿ ಶಾಲು ಹೊದಿಸಿಕೊಂಡಿದ್ದಳು. ಆಗ ಬರೀ ಸರಾಸರಿ ನೋಡಿದ್ದಳು, ಜಾಗ ನೋಡಿರಲಿಲ್ಲ. ಸೋಮಲಿಂಗನ ಮೇಲಿನ ಹೇಸಿಗೆಗಿಂತ ತನ್ನ ಮೇಲಿನ ಹೇಸಿಗೆ ದೊಡ್ಡದಾಯಿತು.

ಆ ವಾರವೇ ಲೇಖನ ಹಿಂದಕ್ಕೆ ಪಡೆಯುತ್ತೇನೆಂದು ಅದು ಅಚ್ಚಾಗಿದ್ದ ಸಂಶೋಧನಾ ಪತ್ರಿಕೆಗೆ ಕಾರಣಸಹಿತ ಬರೆದಳು. ವರದಿ ಅವಳ ಹೆಸರಿಲ್ಲದೆ ಹೋಯಿತು. ಅವಳನ್ನು ಕೇಂದ್ರದ ಗ್ರಂಥಾಲಯಕ್ಕೆ ಹಾಕಿದರು.

ಈಗ ಭಾನುವಾರಗಳಂದು ಪಾರಿಶ್ವಾಡದ ಮನೆಗಳಿಗೆ ತಾನೇ ಹೋಗಿ ಊಟದ ಲೆಕ್ಕ ಕೇಳುತ್ತಾಳೆ. ದಿನಕ್ಕೆ ಐದು ಮನೆ ಮುಗಿದರೆ ಹೆಚ್ಚು. ಮೊನ್ನೆ ಭರಮಣ್ಣನೆಂಬ ಮುದುಕ ತನ್ನ ಊಟದ್ದೆಲ್ಲ ಹೇಳಿ, ಹೆಂಡತಿಯ ಸರದಿ ಬಂದಾಗ ಅಡುಗೆಮನೆಯತ್ತ ಕೈ ತೋರಿಸಿದ.

“ಆಕಿ ಉಣ್ಣೂದು ನಾ ಎಂದೂ ನೋಡಿಲ್ರಿ. ಆಕಿನ್ನ ಕೇಳ್ರಿ.”

ಪ್ರಮಿಳಾ ಎದ್ದು ಅಡುಗೆಮನೆಗೆ ಹೋದಳು.